ಗೇಟಿದೆ, ಆದ್ರೆ ಒಳಗೆ ಬಿಡಲ್ಲ: ‘ದಿ ಸಿಮ್ಸ್’ ಸ್ಟೇಡಿಯಂನ ಕಥೆ

ಈ ವಾರದ ಪಾಡ್‌ಕಾಸ್ಟ್ ಸಂಚಿಕೆಯ ಅಕ್ಷರ ರೂಪ ಇಲ್ಲಿದೆ. ಕೇಳೋಕೆ ಪುರುಸೊತ್ತು ಇಲ್ಲದವರು ಓದಬಹುದು.

 

ಇವತ್ತು ಒಂದು ಸ್ಟೇಡಿಯಂನ ಚರಿತ್ರೆ ಹೇಳ್ತೀನಿ. ಅದರ ಹೆಸರು ಲಾಮಾ ಮೆಮೋರಿಯಲ್ ಸ್ಟೇಡಿಯಂ. ಮ್ಯಾಪ್‌ನಲ್ಲಿ ಹುಡುಕಬೇಡಿ, ಸಿಗಲ್ಲ. ಅದು ಇರೋದು ಸನ್‌ಸೆಟ್ ವ್ಯಾಲಿ ಅನ್ನೋ ಊರಲ್ಲಿ. ಆ ಊರು ಇರೋದು 2009ರಲ್ಲಿ ಬಂದ ‘ದಿ ಸಿಮ್ಸ್ 3’ ಅನ್ನೋ ಕಂಪ್ಯೂಟರ್ ಗೇಮ್‌ನ ಒಳಗೆ. ಗೊತ್ತಿಲ್ಲದವರಿಗೆ ಒಂದೇ ಮಾತಲ್ಲಿ ಹೇಳೋದಾದ್ರೆ, ‘ಸಿಮ್ಸ್’ ಅಂದ್ರೆ ಬದುಕಿನ ಆಟ. ನೀವು ಒಬ್ಬ ಮನುಷ್ಯನನ್ನು ಸೃಷ್ಟಿ ಮಾಡ್ತೀರಿ, ಅವನಿಗೆ ಮನೆ ಕಟ್ಟಿಕೊಡ್ತೀರಿ. ಅವನು ಅಡುಗೆ ಮಾಡ್ತಾನೆ, ಜಗಳ ಆಡ್ತಾನೆ, ಕೆಲಸಕ್ಕೆ ಹೋಗ್ತಾನೆ, ಒಲೆಗೆ ಬೆಂಕಿ ಹಚ್ಕೊಂಡು ಅದರ ಮುಂದೆ ನಿಂತು ಕಿರುಚ್ತಾನೆ. ಆ ಮನುಷ್ಯನಿಗೆ ‘ಸಿಮ್’ ಅಂತ ಹೆಸರು.

ಈ ಸ್ಟೇಡಿಯಂನಲ್ಲಿ ಒಂದು ವಿಚಿತ್ರ ಇದೆ. ಊರಲ್ಲಿ ಎದ್ದು ಕಾಣೋ ಕಟ್ಟಡ. ದೊಡ್ಡ ಗೇಟು. ಅಲ್ಲಿ ಪಂದ್ಯ ನಡೆಯುತ್ತೆ, ಜನ ನೋಡೋಕೆ ಬರ್ತಾರೆ, ಆಟಗಾರರು ಸಂಬಳ ಎಣಿಸ್ತಾರೆ. ಆದ್ರೆ ಗೇಮ್ ಆಡ್ತಿರೋ ನಮಗೆ ಒಳಗೆ ಏನು ನಡೀತಿದೆ ಅಂತ ನೋಡೋ ದಾರಿಯೇ ಇಲ್ಲ. ನಮ್ಮ ಸಿಮ್ ಗೇಟಿನ ಹತ್ತಿರ ಹೋಗಿ ಮಾಯ ಆಗ್ತಾನೆ. ಕೆಲವು ಗಂಟೆ ಬಿಟ್ಟು ಹೊರಗೆ ಬರ್ತಾನೆ. ನಡುವೆ ನಮ್ಮ ಕಣ್ಣ ಮುಂದೆ ಇರೋದು ಬರೀ ಗೋಡೆ.

ಸ್ಟೇಡಿಯಂ ಕಟ್ಟಿ, ಪಂದ್ಯ ಇಟ್ಟು, ಪಂದ್ಯವನ್ನೇ ತೋರಿಸದ ಗೇಮ್ ಯಾಕೆ ಮಾಡಿದ್ರು? ಉತ್ತರಕ್ಕೆ ಇಪ್ಪತ್ತು ವರ್ಷ ಹಿಂದಕ್ಕೆ, 1989ಕ್ಕೆ ಹೋಗಬೇಕು.

ಆಕಾಶದಿಂದ ಕಂಡ ಸ್ಟೇಡಿಯಂ

ವಿಲ್ ರೈಟ್ ಅನ್ನೋ ಅಮೆರಿಕದ ಗೇಮ್ ವಿನ್ಯಾಸಕಾರ 1984ರಲ್ಲಿ ‘ರೇಡ್ ಆನ್ ಬಂಗೆಲಿಂಗ್ ಬೇ’ ಅನ್ನೋ ಗೇಮ್ ಮಾಡಿದ್ದ. ಹೆಲಿಕಾಪ್ಟರ್‌ನಲ್ಲಿ ಹಾರಿ ದ್ವೀಪಗಳ ಮೇಲೆ ಬಾಂಬ್ ಹಾಕೋ ಗೇಮ್ ಅದು. ಅದನ್ನು ತಯಾರಿಸುವಾಗ ಅವನಿಗೆ ಬಾಂಬ್ ಹಾಕೋದಕ್ಕಿಂತ ಆ ದ್ವೀಪಗಳಲ್ಲಿ ರಸ್ತೆ, ಕಾರ್ಖಾನೆ ಜೋಡಿಸೋದೇ ಹೆಚ್ಚು ಮಜಾ ಅನ್ನಿಸ್ತು. ಆ ಖುಷಿಯೇ ಬೆಳೆದು ‘ಸಿಮ್‌ಸಿಟಿ’ ಆಯಿತು. ನೀವು ಮೇಯರ್, ಖಾಲಿ ಜಾಗ ಇದೆ, ಊರು ಕಟ್ಟಿ. ಇದರಲ್ಲಿ ಗೆಲುವೂ ಇಲ್ಲ, ಸೋಲೂ ಇಲ್ಲ. ಅದಕ್ಕೇ ಪ್ರಕಾಶಕರು ಮುಖ ಸಿಂಡರಿಸಿದರು. ಕೊನೆಗೆ ರೈಟ್ ಮತ್ತು ಜೆಫ್ ಬ್ರೌನ್ ಸೇರಿ 1987ರಲ್ಲಿ ಕಟ್ಟಿದ ಮ್ಯಾಕ್ಸಿಸ್ ಎಂಬ ಕಂಪನಿಯಿಂದ 1989ರಲ್ಲಿ ಗೇಮ್ ಹೊರಬಂತು.

ಈ ‘ಸಿಮ್‌ಸಿಟಿ’ಯಲ್ಲೇ ನಮ್ಮ ಸ್ಟೇಡಿಯಂನ ಅಜ್ಜ ಇದ್ದಾನೆ. ಊರು ಒಂದು ಮಟ್ಟಕ್ಕೆ ಬೆಳೆದ ಮೇಲೆ ಪರದೆ ಮೇಲೆ ಸಂದೇಶ ಬರುತ್ತೆ: ನಿವಾಸಿಗಳಿಗೆ ಸ್ಟೇಡಿಯಂ ಬೇಕು. ನೀವು ಕಟ್ಟಲಿಲ್ಲ ಅಂದ್ರೆ ವಸತಿ ಪ್ರದೇಶ ಬೆಳೆಯೋದು ನಿಂತುಬಿಡುತ್ತೆ. ಕಾರ್ಖಾನೆಗಳಿಗೆ ಬಂದರು ಬೇಕು, ವ್ಯಾಪಾರಕ್ಕೆ ವಿಮಾನ ನಿಲ್ದಾಣ ಬೇಕು, ಜನಕ್ಕೆ ಸ್ಟೇಡಿಯಂ ಬೇಕು. ಇದು ಆ ಗೇಮ್‌ನ ಲೆಕ್ಕ. ಅಂದ್ರೆ ನೀರು, ಶಾಲೆ ಇವುಗಳ ಬಗ್ಗೆ ತಲೆಯೇ ಕೆಡಿಸಿಕೊಳ್ಳದ ಗೇಮ್‌ನಲ್ಲಿ ಸ್ಟೇಡಿಯಂ ಮಾತ್ರ ಕಡ್ಡಾಯ!

ಅಮೆರಿಕದ ಊರುಗಳನ್ನು ನೋಡಿದವರಿಗೆ ಇದರ ತಮಾಷೆ ತಕ್ಷಣ ಗೊತ್ತಾಗುತ್ತೆ. ಅಲ್ಲಿ ಸಾರ್ವಜನಿಕರ ತೆರಿಗೆ ಹಣದಲ್ಲಿ ಸ್ಟೇಡಿಯಂ ಕಟ್ಟಿಕೊಡಬೇಕಾ ಬೇಡವಾ ಅನ್ನೋದು ದಶಕಗಳಿಂದ ನಡೀತಿರೋ ಜಗಳ. ಹೊಸ ಸ್ಟೇಡಿಯಂ ಕೊಡದಿದ್ರೆ ತಂಡವನ್ನೇ ಬೇರೆ ಊರಿಗೆ ಎತ್ತಿಕೊಂಡು ಹೋಗ್ತೀವಿ ಅಂತ ಮಾಲೀಕರು ಹೆದರಿಸ್ತಾರೆ. ಎಷ್ಟೋ ಸಲ ಹೋಗೇ ಬಿಟ್ಟಿದ್ದಾರೆ.

‘ಸಿಮ್‌ಸಿಟಿ’ಯಲ್ಲಿ ಸ್ಟೇಡಿಯಂ ಕಾಣೋದು ಹಕ್ಕಿಯ ಕಣ್ಣಿನಿಂದ. ಆಗಾಗ ಅದರೊಳಗೆ ಒಂದು ಫುಟ್‌ಬಾಲ್ ಪಂದ್ಯ ನಡೆಯುತ್ತೆ, ಚುಕ್ಕೆಗಳು ಓಡಾಡುತ್ತವೆ. ಆ ಚುಕ್ಕೆಗಳಿಗೆ ಹೆಸರಿಲ್ಲ, ಮನೆಯಿಲ್ಲ, ಹಸಿವಿಲ್ಲ. 1993ರ ‘ಸಿಮ್‌ಸಿಟಿ 2000’ ಗೇಮ್‌ನಲ್ಲಿ ಸ್ಟೇಡಿಯಂ ಇಟ್ಟ ತಕ್ಷಣ ಯಾವ ಆಟ, ತಂಡದ ಹೆಸರೇನು ಅಂತ ನಿಮ್ಮನ್ನೇ ಕೇಳೋಕೆ ಶುರುಮಾಡಿದರು. ಅದೇ ಗೇಮ್‌ನಲ್ಲಿ ಬಹುಮಾನವಾಗಿ ‘ಲಾಮಾ ಡೋಮ್’ ಅನ್ನೋ ಕಟ್ಟಡವೂ ಸಿಗ್ತಿತ್ತು. ಲಾಮಾ ಅಂದ್ರೆ ದಕ್ಷಿಣ ಅಮೆರಿಕದ ಒಂಟೆ ಜಾತಿಯ ಪ್ರಾಣಿ. ಮ್ಯಾಕ್ಸಿಸ್‌ನವರಿಗೆ ಅದರ ಮೇಲೆ ಯಾಕೋ ವಿಪರೀತ ಪ್ರೀತಿ. ಗೇಮ್‌ನಿಂದ ಗೇಮ್‌ಗೆ ಅದೇ ಜೋಕು ಮುಂದುವರಿದು, ಕೊನೆಗೆ ಸನ್‌ಸೆಟ್ ವ್ಯಾಲಿಯ ಸ್ಟೇಡಿಯಂನ ಹೆಸರಲ್ಲಿ ಬಂದು ಕೂತಿತು.

ಸುಟ್ಟ ಮನೆ, ಗೊಂಬೆ ಮನೆ

ಆಕಾಶದಿಂದ ನೆಲಕ್ಕೆ ಇಳಿಯೋಕೆ ಕಾರಣವಾದದ್ದು ಒಂದು ಬೆಂಕಿ.

1991ರ ಅಕ್ಟೋಬರ್‌ನಲ್ಲಿ ಕ್ಯಾಲಿಫೋರ್ನಿಯಾದ ಓಕ್ಲೆಂಡ್ ಗುಡ್ಡಗಳಿಗೆ ಬೆಂಕಿ ಬಿತ್ತು. 25 ಜನ ಸತ್ತರು. ಮೂರು ಸಾವಿರದ ಆಸುಪಾಸು ಮನೆಗಳು ಸುಟ್ಟುಹೋದವು. ಅದರಲ್ಲಿ ವಿಲ್ ರೈಟ್‌ನ ಮನೆಯೂ ಒಂದು. ಮನೆಯವರೆಲ್ಲ ಪಾರಾದರು, ಆದರೆ ಸಾಮಾನು ಹೋಯಿತು. ಎಲ್ಲವನ್ನೂ ಮತ್ತೆ ಕೊಳ್ಳಬೇಕಾಯಿತು. ಮನುಷ್ಯನಿಗೆ ನಿಜವಾಗಿ ಏನು ಬೇಕು, ಯಾವ ಕ್ರಮದಲ್ಲಿ ಬೇಕು, ಒಂದೊಂದು ವಸ್ತು ಮನೆಯಲ್ಲಿ ಏನು ಮಾಡುತ್ತೆ ಅನ್ನೋ ಯೋಚನೆ ಅವನ ತಲೆಯಲ್ಲಿ ಗಟ್ಟಿಯಾಗಿ ಕೂತಿತು.

ಮೊದಲು ಅವನು ಯೋಚಿಸಿದ್ದು ಮನೆ ಕಟ್ಟೋ ಗೇಮ್. ಒಳಗಿರೋ ಪುಟ್ಟ ಜನ ನಿಮ್ಮ ಮನೆಗೆ ಅಂಕ ಕೊಡೋಕೆ ಮಾತ್ರ. ಆದರೆ ಕೆಲಸ ಮುಂದುವರಿದ ಹಾಗೆ ಮನೆಗಿಂತ ಆ ಜನರೇ ಹೆಚ್ಚು ಕುತೂಹಲ ಹುಟ್ಟಿಸಿದರು. 1985ರಲ್ಲಿ ಆಕ್ಟಿವಿಷನ್ ಕಂಪನಿ ‘ಲಿಟ್ಲ್ ಕಂಪ್ಯೂಟರ್ ಪೀಪಲ್’ ಅನ್ನೋ ಗೇಮ್ ಬಿಟ್ಟಿತ್ತು. ಕಂಪ್ಯೂಟರ್ ಒಳಗೆ ಒಬ್ಬ ಮನುಷ್ಯ ಮನೆ ಮಾಡ್ಕೊಂಡು ಇರ್ತಾನೆ, ಅಷ್ಟೇ. ಆ ದಾರಿಯಲ್ಲೇ ರೈಟ್ ಬಹಳ ದೂರ ಹೋದ.

ಒಂದು ತಾಂತ್ರಿಕ ವಿಷಯ ಹೇಳ್ತೀನಿ, ಬೇಜಾರು ಮಾಡ್ಕೋಬೇಡಿ, ಮಜವಾಗಿದೆ. ಸಿಮ್‌ಗೆ ಹಸಿವು, ನಿದ್ದೆ, ಸ್ನಾನ, ಶೌಚ, ಮೋಜು, ಜನರ ಸಹವಾಸ ಅಂತ ಕೆಲವು ಅಗತ್ಯಗಳಿವೆ. ಮೊದಲ ಗೇಮ್‌ನಲ್ಲಿ ಇಂಥವು ಎಂಟು. ಬುದ್ಧಿ ಇರೋದು ಸಿಮ್‌ನ ತಲೆಯಲ್ಲಿ ಅಂತ ನಾವು ಅಂದುಕೊಳ್ತೀವಿ. ನಿಜವಾಗಿ ಅದರ ದೊಡ್ಡ ಪಾಲು ಇರೋದು ವಸ್ತುಗಳಲ್ಲಿ. ಫ್ರಿಜ್ಜು ‘ನಾನು ಹಸಿವು ನೀಗಿಸ್ತೀನಿ’ ಅಂತ ಸುತ್ತಲೂ ಜಾಹೀರಾತು ಕೊಡ್ತಾ ಇರುತ್ತೆ. ಹಾಸಿಗೆ ‘ನಿದ್ದೆ ಬೇಕಾ, ಬಾ’ ಅನ್ನುತ್ತೆ. ಟಿವಿ ಮೋಜು ಕೊಡ್ತೀನಿ ಅನ್ನುತ್ತೆ. ಯಾರ ಕೂಗು ಜೋರಾಗಿದೆಯೋ ಸಿಮ್ ಆ ಕಡೆ ನಡೀತಾನೆ. ಸಂತೆಯಲ್ಲಿ ನಿಂತ ಗಿರಾಕಿ ಥರ! ಅದಕ್ಕೂ ಮೊದಲು ರೈಟ್ ‘ಸಿಮ್‌ಆ್ಯಂಟ್’ ಅನ್ನೋ ಇರುವೆಗಳ ಗೇಮ್ ಮಾಡಿದ್ದ. ಇರುವೆ ವಾಸನೆಯ ಜಾಡು ಹಿಡಿದು ಹೋಗುತ್ತಲ್ಲ, ಅದೇ ತತ್ವ ಮನುಷ್ಯರ ಮನೆಗೆ ಬಂತು.

ಕಂಪನಿಯವರಿಗೆ ಇದು ಹಿಡಿಸಲಿಲ್ಲ. ಇದು ಗೊಂಬೆ ಮನೆ, ಗೇಮ್ ಕೊಳ್ಳೋ ಹುಡುಗರು ಗೊಂಬೆ ಆಟ ಆಡ್ತಾರಾ ಅಂತ ಅನುಮಾನ. ಕೆಲವೇ ಜನರನ್ನು ಇಟ್ಟುಕೊಂಡು ರೈಟ್ ಕೆಲಸ ಮುಂದುವರಿಸಿದ. 1997ರಲ್ಲಿ ಎಲೆಕ್ಟ್ರಾನಿಕ್ ಆರ್ಟ್ಸ್, ಅಂದ್ರೆ ಇಎ, ಮ್ಯಾಕ್ಸಿಸ್ ಕಂಪನಿಯನ್ನು ಕೊಂಡುಕೊಂಡಿತು. 2000ದ ಫೆಬ್ರವರಿ 4ರಂದು ‘ದಿ ಸಿಮ್ಸ್’ ಬಿಡುಗಡೆಯಾಯಿತು. ಎರಡೇ ವರ್ಷದಲ್ಲಿ, 2002ರಲ್ಲಿ, ಅದು ‘ಮಿಸ್ಟ್’ ಗೇಮನ್ನು ಹಿಂದೆ ಹಾಕಿ ಅಲ್ಲಿಯವರೆಗೆ ಅತಿ ಹೆಚ್ಚು ಮಾರಾಟವಾದ ಪಿಸಿ ಗೇಮ್ ಆಯಿತು. ಗೊಂಬೆ ಮನೆ ಯಾರು ಆಡ್ತಾರೆ ಅನ್ನೋ ಪ್ರಶ್ನೆಗೆ ಉತ್ತರ ಸಿಕ್ಕಿತು: ಹುಡುಗಿಯರೂ ಆಡಿದರು, ಹುಡುಗರೂ ಆಡಿದರು.

ಹಾರ್ನ್ ಹೊಡೆಯೋ ಕಾರು

ಈ ಮೊದಲ ‘ಸಿಮ್ಸ್’ ಗೇಮ್‌ನಲ್ಲಿ ಹತ್ತು ವೃತ್ತಿಗಳಿದ್ದವು. ವೈದ್ಯ, ಪೊಲೀಸ್, ರಾಜಕಾರಣಿ, ಕಳ್ಳ, ಹೀಗೆ. ಹೌದು, ಕಳ್ಳತನವೂ ಬಡ್ತಿ ಇರೋ ಒಂದು ಕೆಲಸ. ಹತ್ತರಲ್ಲಿ ಒಂದು ವೃತ್ತಿಪರ ಕ್ರೀಡಾಪಟು.

ಆದ್ರೆ ಸ್ಟೇಡಿಯಂ ಎಲ್ಲಿ? ಎಲ್ಲೂ ಇಲ್ಲ. ಮನೆ ಮುಂದೆ ಒಂದು ಕಾರು ಬಂದು ಹಾರ್ನ್ ಹೊಡೆಯುತ್ತೆ. ಸಿಮ್ ಓಡಿ ಹೋಗಿ ಹತ್ತಬೇಕು. ಕಾರು ಪರದೆಯ ಅಂಚಿನಲ್ಲಿ ಮರೆಯಾಗುತ್ತೆ. ಸಂಜೆ ವಾಪಸ್ ಬಿಡುತ್ತೆ. ಎರಡು ದಿನ ಸತತವಾಗಿ ತಪ್ಪಿಸಿಕೊಂಡ್ರೆ ಕೆಲಸ ಹೋಯ್ತು. ಇನ್ನೊಂದು ಕ್ರೂರ ಹಾಸ್ಯ ಏನಂದ್ರೆ, ಆ ಗೇಮ್‌ನಲ್ಲಿ ವಾರ ಅನ್ನೋದೇ ಇಲ್ಲ. ಭಾನುವಾರವೇ ಬರಲ್ಲ! ವಾರದ ದಿನಗಳು ಬಂದದ್ದು 2004ರ ‘ಸಿಮ್ಸ್ 2’ರಲ್ಲಿ.

ಆ ಕ್ರೀಡಾಪಟುವಿನ ಬಡ್ತಿಯ ಏಣಿಯನ್ನು ಒಮ್ಮೆ ನೋಡಿ. ಹತ್ತು ಮೆಟ್ಟಿಲು. ಕೆಳಗಿನ ಮೆಟ್ಟಿಲು ತಂಡದ ಮಸ್ಕಾಟ್. ಅಂದ್ರೆ ದೊಡ್ಡ ಗೊಂಬೆಯ ವೇಷ ಹಾಕ್ಕೊಂಡು ಬೌಂಡರಿ ಪಕ್ಕ ಕುಣಿಯೋನು. ಆಮೇಲೆ ಮೈನರ್ ಲೀಗ್ ಆಟಗಾರ, ಹೊಸಬ, ಆರಂಭಿಕ ಆಟಗಾರ, ಆಲ್‌ಸ್ಟಾರ್, ಅತ್ಯುತ್ತಮ ಆಟಗಾರ, ಏಳನೇ ಮೆಟ್ಟಿಲಲ್ಲಿ ಸೂಪರ್‌ಸ್ಟಾರ್. ಅಲ್ಲಿಗೆ ಮುಗೀತು ಅಂದ್ಕೊಂಡ್ರಾ? ಇಲ್ಲ. ಎಂಟನೇ ಬಡ್ತಿ ಸಹಾಯಕ ಕೋಚ್. ಒಂಬತ್ತು, ಕೋಚ್. ಹತ್ತು, ಹಾಲ್ ಆಫ್ ಫೇಮ್‌ನಲ್ಲಿ ಹೆಸರು.

ಈ ಗೇಮ್‌ನಲ್ಲಿ ದೊಡ್ಡವರಿಗೆ ವಯಸ್ಸೇ ಆಗಲ್ಲ. ಆದ್ರೂ ಏಣಿ ಬರೆದವರಿಗೆ ಒಂದು ವಿಷಯ ಗೊತ್ತಿತ್ತು. ಆಟಗಾರನ ದೇಹಕ್ಕೆ ಗಡುವು ಇದೆ, ಸೂಪರ್‌ಸ್ಟಾರ್ ಆದ ಮೇಲೂ ಬದುಕು ಬಾಕಿ ಇರುತ್ತೆ, ಅಲ್ಲಿ ಮತ್ತೆ ‘ಸಹಾಯಕ’ ಅನ್ನೋ ಪದದಿಂದ ಶುರು ಮಾಡಬೇಕು. ತಮಾಷೆ ಗೇಮ್‌ನ ಒಂದು ಪಟ್ಟಿಯಲ್ಲಿ ಇಷ್ಟು ಸತ್ಯ ಸಿಗುತ್ತೆ ಅಂತ ನಾನು ಎಣಿಸಿರಲಿಲ್ಲ.

ಮಸ್ಕಾಟ್‌ನಿಂದ ಶುರು ಮಾಡಿದ್ದಕ್ಕೂ ಹಿನ್ನೆಲೆ ಇದೆ. ಅಮೆರಿಕದಲ್ಲಿ ವೇಷಧಾರಿ ಮಸ್ಕಾಟ್‌ಗಳ ಭರಾಟೆ ಜೋರಾದದ್ದು 1970ರ ದಶಕದಲ್ಲಿ. 1974ರಲ್ಲಿ ಸ್ಯಾನ್ ಡಿಯಾಗೋದಲ್ಲಿ ಒಂದು ರೇಡಿಯೋ ಸ್ಟೇಷನ್ ಪ್ರಚಾರಕ್ಕೆ ಅಂತ ಕೋಳಿ ವೇಷ ಹಾಕಿಸಿತು. ಆ ಕೋಳಿ ಬೇಸ್‌ಬಾಲ್ ಮೈದಾನದಲ್ಲಿ ಎಷ್ಟು ಫೇಮಸ್ ಆಯಿತು ಅಂದ್ರೆ ‘ಸ್ಯಾನ್ ಡಿಯಾಗೋ ಚಿಕನ್’ ಅಂತ ಅದಕ್ಕೇ ಹೆಸರು ಬಂತು. 1978ರಲ್ಲಿ ಫಿಲಡೆಲ್ಫಿಯಾ ತಂಡ ಹಸಿರು ಬಣ್ಣದ ‘ಫನಾಟಿಕ್’ ಅನ್ನು ಮೈದಾನಕ್ಕೆ ಇಳಿಸಿತು. ಅಲ್ಲಿಂದ ಮುಂದೆ ಸ್ಟೇಡಿಯಂ ಅಂದ್ರೆ ಪಂದ್ಯದ ಜೊತೆಗೆ ಪಂದ್ಯದ ಅಂಚಿನ ಹಾಸ್ಯವೂ ಸೇರಿತು. ‘ಸಿಮ್ಸ್’ ಬರೆದವರು ಇದನ್ನು ನೋಡಿಕೊಂಡು ಬೆಳೆದ ದೇಶದವರು. ಅವರ ಕಣ್ಣು ಮೊದಲು ಹೋದದ್ದು ಆ ಅಂಚಿಗೆ.

ಮೊಲದ ಬಿಲ

ಈಗ 2009ಕ್ಕೆ ಬನ್ನಿ. ‘ಸಿಮ್ಸ್ 3’ರಲ್ಲಿ ದೊಡ್ಡ ಬದಲಾವಣೆ ಅಂದ್ರೆ ಇಡೀ ಊರು ಒಟ್ಟಿಗೆ ಬದುಕುತ್ತೆ. ನಿಮ್ಮ ಸಿಮ್ ಮನೆಯಿಂದ ಹೊರಟು ಬೀದಿಯಲ್ಲಿ ನಡೆದು ಪಾರ್ಕಿಗೆ ಹೋಗಬಹುದು. ಮಧ್ಯೆ ಲೋಡಿಂಗ್ ಪರದೆ ಬರಲ್ಲ. ಅದೇ ಹೊತ್ತಿಗೆ ಪಕ್ಕದ ಬೀದಿಯವರೂ ಅವರ ಪಾಡಿಗೆ ಓಡಾಡ್ತಿರ್ತಾರೆ. ಇದಕ್ಕೆ ಕಂಪ್ಯೂಟರ್ ಬೆವರು ಸುರಿಸಬೇಕು. ಹಾಗಾಗಿ ಆಸ್ಪತ್ರೆ, ಪೊಲೀಸ್ ಠಾಣೆ, ದಿನಸಿ ಅಂಗಡಿ, ಸ್ಟೇಡಿಯಂ ಇವೆಲ್ಲ ಬರೀ ಹೊರಗಿನ ಕವಚ. ಒಳಗೆ ಕೋಣೆಗಳೇ ಇಲ್ಲ. ಇಂಥ ಕಟ್ಟಡಗಳಿಗೆ ‘ರ‍್ಯಾಬಿಟ್ ಹೋಲ್’, ಮೊಲದ ಬಿಲ ಅಂತ ಹೆಸರು. ಒಳಗೆ ಹೋದವರು ಕಾಣಲ್ಲ, ಅದಕ್ಕೆ.

ಈ ಸಂಚಿಕೆಗಾಗಿ ನಾನು ಕೆಲವು ವಾರ ಇದನ್ನು ಹಳೇ ಲ್ಯಾಪ್‌ಟಾಪ್‌ನಲ್ಲಿ ಆಡಿದೆ. ನನ್ನ ಸಿಮ್ ಹೆಸರು ಬಸು. ಅವನಿಗೆ ನಾನು ಕೊಟ್ಟ ಗುಣಗಳಲ್ಲಿ ಎರಡು: ಕ್ರೀಡಾಸಕ್ತಿ, ಜೊತೆಗೆ ಎಡವೋ ಸ್ವಭಾವ. ಈ ಎರಡನ್ನೂ ಒಬ್ಬನಿಗೇ ಕೊಡೋಕೆ ಗೇಮ್ ಬಿಡುತ್ತೆ, ಅದೇ ಅದರ ಒಳ್ಳೆತನ. ಬಸುವಿಗೆ ಲಾಮಾ ಸ್ಟೇಡಿಯಂನಲ್ಲಿ ಕೆಲಸ ಕೊಡಿಸಿದೆ.

ಈ ಏಣಿ ಮೊದಲಿನದಕ್ಕಿಂತ ಬೇರೆ. ಒಂದನೇ ಮೆಟ್ಟಿಲು ಹುಚ್ಚು ಅಭಿಮಾನಿ. ಹೌದು, ಅದು ಸಂಬಳದ ಕೆಲಸ. ಕೂಗೋಕೆ ದುಡ್ಡು! ಎರಡನೇದು ಗ್ಯಾಲರಿಯಲ್ಲಿ ತಿಂಡಿ ಮಾರೋನು. ಮೂರನೇದು ಪುಟಾಣಿ ಮಕ್ಕಳ ಕ್ರೀಡಾ ಕೋಚ್. ನಾಲ್ಕಕ್ಕೆ ಮೈನರ್ ಲೀಗ್. ಅಲ್ಲಿಂದ ಮೇಲೆ ಹೊಸಬ, ಆರಂಭಿಕ ಆಟಗಾರ, ಹೀಗೆ ಹತ್ತಿ ಕೊನೆಗೆ ಕ್ರೀಡಾ ದಂತಕಥೆ. ಹಳೇ ಏಣಿಯ ಕೋಚ್ ಮೆಟ್ಟಿಲುಗಳು ಮೇಲಿಂದ ಮಾಯ. ಕೆಳಗೆ ಅಭಿಮಾನಿ ಮತ್ತು ತಿಂಡಿ ಮಾರೋನು ಸೇರಿಕೊಂಡಿದ್ದಾರೆ.

ತಿಂಡಿ ಮಾರೋನನ್ನು ಸುಮ್ಮನೆ ಜೋಕಿಗೆ ಸೇರಿಸಿದ್ದಾರೆ ಅನ್ನಿಸಬಹುದು. ಆದ್ರೆ ಅಮೆರಿಕದ ಸ್ಟೇಡಿಯಂ ಚರಿತ್ರೆಯಲ್ಲಿ ಅವನಿಗೆ ದೊಡ್ಡ ಜಾಗ ಇದೆ. ಇಂಗ್ಲೆಂಡಿನಿಂದ ವಲಸೆ ಬಂದ ಹ್ಯಾರಿ ಸ್ಟೀವನ್ಸ್ ಅನ್ನೋನು 1880ರ ದಶಕದಲ್ಲಿ ಬೇಸ್‌ಬಾಲ್ ಮೈದಾನದಲ್ಲಿ ಸ್ಕೋರ್ ಕಾರ್ಡ್ ಮಾರೋಕೆ ಶುರು ಮಾಡಿದ. ಆಮೇಲೆ ತಿಂಡಿಗೆ ಇಳಿದ. ಅವನು ಕಟ್ಟಿದ ಕಂಪನಿ ನೂರು ವರ್ಷಕ್ಕೂ ಹೆಚ್ಚು ಕಾಲ ನಡೆದು 1994ರಲ್ಲಿ ಇನ್ನೊಂದು ದೊಡ್ಡ ಕಂಪನಿಯ ಪಾಲಾಯಿತು. ಎಷ್ಟೋ ತಂಡಗಳು ಅಷ್ಟು ವರ್ಷ ಬಾಳಿಲ್ಲ. ನಮ್ಮಲ್ಲೂ ಕಡಲೆಕಾಯಿ, ಟೀ ಮಾರೋರು ಇಲ್ಲದ ಕಬಡ್ಡಿ ಪಂದ್ಯ ನೀವು ನೋಡಿದ್ದೀರಾ?

ಸರಿ, ಬಸು ಕಥೆಗೆ ಬರೋಣ. ಬಡ್ತಿ ಸಿಗಬೇಕಾದ್ರೆ ಏನು ಬೇಕು? ದೇಹ ಗಟ್ಟಿ ಇರಬೇಕು. ಜೊತೆ ಆಟಗಾರರ ಜೊತೆ ಸಂಬಂಧ ಚೆನ್ನಾಗಿರಬೇಕು. ಮನಸ್ಸು ಖುಷಿಯಾಗಿರಬೇಕು. ಈ ಮೂರೂ ಸ್ಟೇಡಿಯಂನ ಹೊರಗೆ ತೀರ್ಮಾನ ಆಗೋ ವಿಷಯ. ಬಸು ಬೆಳಿಗ್ಗೆ ಟಿವಿ ಮುಂದೆ ಕಸರತ್ತು ಮಾಡ್ತಾನೆ, ಮೈ ನೋವು ಹತ್ತುತ್ತೆ. ಸ್ನಾನ ಮಾಡದೆ ತಂಡದ ಗೆಳೆಯನನ್ನು ಮನೆಗೆ ಕರೀತಾನೆ, ಗೆಳೆಯ ಮೂಗು ಮುಚ್ಚಿಕೊಳ್ತಾನೆ. ಅಡುಗೆ ಸುಡ್ತಾನೆ. ಸುಟ್ಟ ಅಡುಗೆ ತಿಂದು ಬೇಜಾರಾಗಿ ಮಲಗ್ತಾನೆ. ಮಾರನೇ ದಿನ ಸಪ್ಪೆ ಮುಖ ಹಾಕ್ಕೊಂಡು ಗೇಟಿನಲ್ಲಿ ಮಾಯ ಆಗ್ತಾನೆ. ಪಂದ್ಯ ಗೆದ್ವಾ ಸೋತ್ವಾ ಅನ್ನೋದು ಒಂದು ಸಾಲಿನ ಸಂದೇಶದಲ್ಲಿ ಮುಗಿದುಹೋಗುತ್ತೆ.

ಇಲ್ಲಿ ಒಂದು ಲೆಕ್ಕ ಹೇಳಬೇಕು. ಗೇಮ್‌ನಲ್ಲಿ ಒಂದು ನಿಮಿಷ ಅಂದ್ರೆ ನಮ್ಮ ಒಂದು ಸೆಕೆಂಡ್. ಸಿಮ್‌ನ ಒಂದು ದಿನ ನಮಗೆ 24 ನಿಮಿಷ. ಬೇಕಿದ್ರೆ ವೇಗ ಹೆಚ್ಚಿಸಬಹುದು. ಆಡೋರು ವೇಗ ಹೆಚ್ಚಿಸೋದು ಯಾವಾಗ ಗೊತ್ತಾ? ಸಿಮ್ ಮಲಗಿದಾಗ, ಮತ್ತೆ ಕೆಲಸಕ್ಕೆ ಹೋದಾಗ. ನಾನೂ ಹಾಗೇ ಮಾಡಿದೆ. ಬಸು ಗೇಟಿನ ಒಳಗೆ ಹೋದ ತಕ್ಷಣ ಫಾಸ್ಟ್ ಫಾರ್ವರ್ಡ್. ಅವನು ಹೊರಗೆ ಬಂದು ಹಸಿವು ಅಂದಾಗ ಮತ್ತೆ ಸಾಮಾನ್ಯ ವೇಗ.

ಯೋಚನೆ ಮಾಡಿ. ನಿಜವಾದ ಕ್ರೀಡೆಯಲ್ಲಿ ನಾವು ಮಾಡೋದು ಇದಕ್ಕೆ ತಲೆಕೆಳಗು. ಟಿ20 ಪಂದ್ಯದ ಮೂರೂವರೆ ಗಂಟೆಯನ್ನು ನಿಧಾನಗತಿಯಲ್ಲಿ, ಆರು ಕ್ಯಾಮೆರಾದಲ್ಲಿ ನೋಡ್ತೀವಿ. ಮಿಕ್ಕ ಇಪ್ಪತ್ತು ಗಂಟೆ ನಮಗೆ ಬೇಡ. ಆಟಗಾರ ಏನು ತಿಂದ, ಎಷ್ಟು ಹೊತ್ತು ನಿದ್ದೆ ಮಾಡಿದ, ಮನೆಯಲ್ಲಿ ಜಗಳ ಆಯ್ತಾ, ಮೊಣಕಾಲು ನೋವಿದೆಯಾ, ಇದೆಲ್ಲ ನಮ್ಮ ಫೋನ್‌ನಲ್ಲಿ ಫಾಸ್ಟ್ ಫಾರ್ವರ್ಡ್. ಕ್ಯಾಚ್ ಬಿಟ್ಟ ಕೂಡಲೇ ಮಾತ್ರ ಕಾಮೆಂಟ್ ಬಾಕ್ಸ್‌ಗೆ ನುಗ್ತೀವಿ.

ನೀರು ಕೊಡೋನಿಂದ ಶುರು

ಮೂರನೇ ಏಣಿ 2014ರದು. ಆ ವರ್ಷ ಸೆಪ್ಟೆಂಬರ್‌ನಲ್ಲಿ ‘ಸಿಮ್ಸ್ 4’ ಬಂತು. ಬಿಡುಗಡೆ ದಿನ ಅದರಲ್ಲಿ ಈಜುಕೊಳ ಇರಲಿಲ್ಲ, ಅಂಬೆಗಾಲಿಡೋ ಮಕ್ಕಳಿರಲಿಲ್ಲ, ಕ್ರೀಡಾಪಟು ವೃತ್ತಿಯೂ ಇರಲಿಲ್ಲ. ಆಡೋರು ಸಿಟ್ಟಾದರು. ಡಿಸೆಂಬರ್‌ನಲ್ಲಿ ಉಚಿತ ಅಪ್‌ಡೇಟ್ ಮೂಲಕ ಕ್ರೀಡಾಪಟು ವೃತ್ತಿ ಸೇರಿತು.

ಈ ಸಲ ಕೆಳಗಿನ ಮೆಟ್ಟಿಲು ಆಟಗಾರರಿಗೆ ನೀರು ಕೊಡೋನು. ಎರಡು, ಡ್ರೆಸ್ಸಿಂಗ್ ರೂಮ್ ನೋಡಿಕೊಳ್ಳೋನು. ಮೂರು, ಮತ್ತೆ ನಮ್ಮ ಮಸ್ಕಾಟ್. ನಾಲ್ಕು, ಡ್ಯಾನ್ಸ್ ತಂಡದ ನಾಯಕ. ಆಮೇಲೆ ದಾರಿ ಎರಡಾಗುತ್ತೆ. ಒಂದು ವೃತ್ತಿಪರ ಆಟಗಾರನ ದಾರಿ. ಇನ್ನೊಂದು ದೇಹದಾರ್ಢ್ಯದ ದಾರಿ, ಅದರ ತುದಿಯಲ್ಲಿರೋ ಬಿರುದು ‘ಮಿಸ್ಟರ್ ಸೋಲಾರ್ ಸಿಸ್ಟಮ್’. ಭೂಮಿ ಸಾಲಲಿಲ್ಲ, ಇಡೀ ಸೌರಮಂಡಲ!

ಮೂರು ಏಣಿಗಳನ್ನೂ ಪಕ್ಕಪಕ್ಕ ಇಟ್ಟರೆ ಒಂದು ಪಟ್ಟಿ ಸಿಗುತ್ತೆ: ಮಸ್ಕಾಟ್, ಅಭಿಮಾನಿ, ತಿಂಡಿ ಮಾರೋನು, ಮಕ್ಕಳ ಕೋಚ್, ನೀರು ಕೊಡೋನು, ಡ್ರೆಸ್ಸಿಂಗ್ ರೂಮಿನವನು. ಒಂದು ಸ್ಟೇಡಿಯಂ ನಡೆಯೋಕೆ ಬೇಕಾದ, ಕ್ಯಾಮೆರಾ ತಿರುಗದ ಅಷ್ಟೂ ಜನ ಇಲ್ಲಿದ್ದಾರೆ. ಅದೇ ಸಮಯದಲ್ಲಿ ಈ ಏಣಿಯಲ್ಲಿ ಒಂದು ಸುಳ್ಳೂ ಇದೆ. ನೀರು ಕೊಡೋನು ಹಾಲ್ ಆಫ್ ಫೇಮ್ ತಲುಪ್ತಾನೆ ಅನ್ನೋ ಸುಳ್ಳು. ಗೇಮ್‌ನಲ್ಲಿ ಪ್ರತಿ ಮೆಟ್ಟಿಲೂ ಮುಂದಿನ ಮೆಟ್ಟಿಲಿಗೆ ದಾರಿ. ಹೊರಗೆ ಹಾಗಿಲ್ಲ.

ಉದಾಹರಣೆಗೆ ಮೂರೂ ಏಣಿಯಲ್ಲಿರೋ ಒಂದು ಮೆಟ್ಟಿಲು ತಗೊಳ್ಳಿ, ಮೈನರ್ ಲೀಗ್. ಬೇಸ್‌ಬಾಲ್‌ನಲ್ಲಿ ಮೇಜರ್ ಲೀಗ್ ತಂಡಗಳ ಕೆಳಗೆ ಹಲವು ಹಂತಗಳ ಮೈನರ್ ಲೀಗ್ ತಂಡಗಳಿರುತ್ತವೆ. ಸಾವಿರಾರು ಹುಡುಗರು ಅಲ್ಲಿ ಆಡ್ತಾರೆ, ಮೇಲಕ್ಕೆ ಹೋಗೋರು ಕೆಲವರು. ಅವರ ಸಂಬಳ ಎಷ್ಟಿತ್ತು ಗೊತ್ತಾ? ತೀರಾ ಕೆಳಹಂತದಲ್ಲಿ ವರ್ಷಕ್ಕೆ ಕನಿಷ್ಠ 4,800 ಡಾಲರ್. ತಿಂಗಳಿಗಲ್ಲ, ವರ್ಷಕ್ಕೆ. ಮೇಜರ್ ಲೀಗ್‌ಗೆ ಒಂದೇ ಮೆಟ್ಟಿಲು ಕೆಳಗಿನ ಟ್ರಿಪಲ್ ಎ ಹಂತದಲ್ಲೂ 17,500 ಡಾಲರ್. ಅಮೆರಿಕದಲ್ಲಿ ಇಷ್ಟರಲ್ಲಿ ಬಾಡಿಗೆ ಕಟ್ಟೋದೇ ಕಷ್ಟ. ಹಾಗಾಗಿ ಸೀಸನ್ ಮುಗಿದ ಮೇಲೆ ಬೇರೆ ಕೆಲಸ ಹುಡುಕಿಕೊಳ್ತಿದ್ದರು.

‘ಸಿಮ್ಸ್ 4’ ಬಂದ ಅದೇ 2014ರಲ್ಲಿ ಮೈನರ್ ಲೀಗ್ ಆಟಗಾರರು ಕನಿಷ್ಠ ವೇತನದ ಕಾನೂನು ಉಲ್ಲಂಘನೆ ಆಗ್ತಿದೆ ಅಂತ ಮೇಜರ್ ಲೀಗ್ ಬೇಸ್‌ಬಾಲ್ ವಿರುದ್ಧ ಮೊಕದ್ದಮೆ ಹೂಡಿದರು. ಎಂಟು ವರ್ಷ ಎಳೆದಾಡಿ 2022ರಲ್ಲಿ 18.5 ಕೋಟಿ ಡಾಲರ್‌ಗೆ ರಾಜಿಯಾಯಿತು. ಅದೇ ವರ್ಷ ಅವರಿಗೆ ಕಾರ್ಮಿಕ ಸಂಘವೂ ಆಯಿತು. 2023ರ ಮೊದಲ ಒಪ್ಪಂದದಲ್ಲಿ ಕೆಳಹಂತದ ಕನಿಷ್ಠ ಸಂಬಳ 4,800ರಿಂದ 19,800ಕ್ಕೆ, ಟ್ರಿಪಲ್ ಎ ಸಂಬಳ 17,500ರಿಂದ 35,800ಕ್ಕೆ ಏರಿತು. ಬಸುವಿಗೆ ಈ ಮೆಟ್ಟಿಲು ದಾಟೋಕೆ ಬೇಕಾದದ್ದು ಒಂದಿಷ್ಟು ಕಸರತ್ತು, ಒಳ್ಳೆ ಮೂಡು. ನಿಜವಾದ ಆಟಗಾರರಿಗೆ ಆ ಮೆಟ್ಟಿಲಲ್ಲಿ ನೆಟ್ಟಗೆ ನಿಲ್ಲೋಕೇ ಕೋರ್ಟು, ಸಂಘ ಎರಡೂ ಬೇಕಾದವು.

ಒಂದೇ ಕಂಪನಿ, ಎರಡು ಆಟ

ಇನ್ನೊಂದು ವಿಷಯ ನಿಮಗೆ ಹೊಳೆದಿರಬಹುದು. ‘ಸಿಮ್ಸ್’ ಬಿಡುಗಡೆ ಮಾಡೋ ಇಎ ಕಂಪನಿಯೇ ‘ಫಿಫಾ’ ಮತ್ತು ‘ಮ್ಯಾಡನ್’ ಗೇಮ್‌ಗಳನ್ನೂ ಮಾಡಿತು. ಹುಲ್ಲಿನ ಗರಿ, ಜರ್ಸಿಯ ಮಡಿಕೆ, ಅಭಿಮಾನಿಗಳ ಕೂಗು ಎಲ್ಲ ತದ್ರೂಪು ತೋರಿಸೋದು ಹೇಗೆ ಅಂತ ಅವರಿಗೆ ಚೆನ್ನಾಗಿ ಗೊತ್ತು. ಅಂದ್ರೆ ಒಂದು ಗೇಮ್‌ನಲ್ಲಿ 90 ನಿಮಿಷದ ಪಂದ್ಯ ಮಾತ್ರ ಇತ್ತು, ಬದುಕಿರಲಿಲ್ಲ. ಇನ್ನೊಂದರಲ್ಲಿ ಬದುಕು ಮಾತ್ರ ಇತ್ತು, ಪಂದ್ಯ ಇರಲಿಲ್ಲ.

ಮುಂದೆ ಏನಾಯಿತು ನೋಡಿ. ‘ಸಿಮ್ಸ್ 4’ ತನ್ನ ಕೆಲವು ಬಿಲಗಳನ್ನು ತೆರೆಯಿತು. 2015ರಲ್ಲಿ ‘ಗೆಟ್ ಟು ವರ್ಕ್’ ಅನ್ನೋ ವಿಸ್ತರಣೆ ಬಂದು ವೈದ್ಯ, ಪತ್ತೇದಾರ, ವಿಜ್ಞಾನಿ ಇವರ ಜೊತೆ ನಾವೂ ಕೆಲಸದ ಜಾಗಕ್ಕೆ ಹೋಗೋ ಹಾಗಾಯಿತು. 2018ರಲ್ಲಿ ನಟರ ಜೊತೆ ಶೂಟಿಂಗ್ ಸೆಟ್‌ಗೂ ಹೋದೆವು. ಆ ಪಟ್ಟಿಗೆ ಕ್ರೀಡಾಪಟು ಸೇರಲಿಲ್ಲ.

ಅದೇ ಹೊತ್ತಿಗೆ ‘ಫಿಫಾ’ ಎದುರು ದಿಕ್ಕಿನಿಂದ ನಡೆದು ಬಂತು. 2016ರ ‘ಫಿಫಾ 17’ ಗೇಮ್‌ನಲ್ಲಿ ‘ದಿ ಜರ್ನಿ’ ಅನ್ನೋ ಕಥೆ ಸೇರಿಸಿದರು. ಅಲೆಕ್ಸ್ ಹಂಟರ್ ಅನ್ನೋ ಹುಡುಗ. ಅವನಿಗೆ ಮನೆ, ಅಮ್ಮ, ಅಜ್ಜ, ಗೆಳೆಯ, ಮುನಿಸು ಎಲ್ಲ ಇದೆ. ಮೂರು ವರ್ಷ, ಮೂರು ಗೇಮ್ ಆ ಕಥೆ ನಡೆಯಿತು. ಪಂದ್ಯ ತೋರಿಸಿ ತೋರಿಸಿ ಸುಸ್ತಾದವರಿಗೂ ಕೊನೆಗೆ ಆ ಹುಡುಗನ ಮನೆಯ ಬಾಗಿಲು ತಟ್ಟಬೇಕು ಅನ್ನಿಸಿತು.

ಹಾಗಾದ್ರೆ ಲಾಮಾ ಸ್ಟೇಡಿಯಂ ಗೋಡೆ ಕಟ್ಟಿದ್ದು ಬೇಕಂತಲೇನಾ? ಅಲ್ಲ, ಕಂಪ್ಯೂಟರ್‌ನ ಶಕ್ತಿ ಸಾಲದೆ ಕಟ್ಟಿದ್ದು. ಆದರೆ ಆ ಗೋಡೆ ನಮ್ಮ ಕಣ್ಣನ್ನು ಬಲವಂತವಾಗಿ ಬೇರೆ ಕಡೆ ತಿರುಗಿಸಿತು. ‘ಸಿಮ್‌ಸಿಟಿ’ಯಲ್ಲಿ ಮೇಲಿನಿಂದ ಚುಕ್ಕೆಯಾಗಿ ಕಂಡ ಆಟಗಾರನನ್ನು, ಇಪ್ಪತ್ತು ವರ್ಷದ ನಂತರ, ರಾತ್ರಿ ಹನ್ನೊಂದಕ್ಕೆ ಫ್ರಿಜ್ಜಿನ ಮುಂದೆ ನಿಂತು ಏನು ತಿನ್ನಲಿ ಅಂತ ತಲೆ ಕೆರೆದುಕೊಳ್ಳೋ ಮನುಷ್ಯನನ್ನಾಗಿ ತೋರಿಸಿತು. ನನಗೆ ಈ ಗೇಮ್‌ನ ಹಾಸ್ಯ ಇಷ್ಟ ಆಗೋದು ಇದಕ್ಕೇ. ಅವನು ಎಡವಿದಾಗ ನಗು ಬರುತ್ತೆ. ಅವನಿಗೆ ನಿದ್ದೆ ಸಾಲದೆ ಕಣ್ಣು ಕೆಂಪಾದಾಗ, ಇವನನ್ನು ಇವತ್ತು ಕೆಲಸಕ್ಕೆ ಕಳಿಸೋದು ಬೇಡ ಅಂತ ನನ್ನ ಬೆರಳು ತಾನಾಗೇ ಹೇಳುತ್ತೆ.

ಅದೇ ಬೆರಳು ನಿಜವಾದ ಆಟಗಾರ ಫಾರ್ಮ್ ಕಳ್ಕೊಂಡಾಗ ಏನು ಟೈಪ್ ಮಾಡುತ್ತೆ ಅಂತ ಒಂದ್ಸಲ ಯೋಚಿಸಿ. ಗ್ಯಾಲರಿಯಲ್ಲಿ ಕೂತಾಗ ನಿಮಗೆ ನೀರಿನ ಬಾಟಲಿ ತಂದುಕೊಡೋ ಹುಡುಗನ ಮುಖವನ್ನೂ ಒಮ್ಮೆ ನೋಡಿ. ಅವನ ಏಣಿ ಎಲ್ಲಿಗೆ ಹೋಗುತ್ತೆ ಅಂತ ಯಾವ ಗೇಮೂ ಬರೆದಿಟ್ಟಿಲ್ಲ.

ಆಡಿ ನೋಡಬೇಕು ಅನ್ನೋರಿಗೆ ಒಂದು ಮಾತು: 2022ರ ಅಕ್ಟೋಬರ್‌ನಿಂದ ‘ಸಿಮ್ಸ್ 4’ರ ಮೂಲ ಗೇಮ್ ಉಚಿತ. ವಿಸ್ತರಣೆಗಳಿಗೆ ಮಾತ್ರ ದುಡ್ಡು. ಕ್ರೀಡಾಪಟು ವೃತ್ತಿ ಮೂಲ ಗೇಮ್‌ನಲ್ಲೇ ಇದೆ. ನೀರು ಕೊಡೋ ಕೆಲಸಕ್ಕೆ ಸೇರಿಸಿ, ನಿಮ್ಮ ಸಿಮ್ ಎಲ್ಲಿಯವರೆಗೆ ಹೋದ ಅಂತ ನಮಗೆ ವಾಯ್ಸ್ ಮೆಸೇಜ್ ಕಳಿಸಿ. ಆಯ್ದ ಕೆಲವನ್ನು ಮುಂದಿನ ಸಂಚಿಕೆಯಲ್ಲಿ ಕೇಳಿಸ್ತೀವಿ. ಅಲ್ಲಿಯವರೆಗೆ, ನಮಸ್ಕಾರ.